ಫುಸ್‌ಫುಸ್ ಆಪಾಳ ಸ್ಟೂಲು

ಈ ಊರಿನ ಸಾಂಸ್ಕೃತಿಕ ಬದುಕಿನಲ್ಲಿ ಸದ್ಯ ಇತ್ಯರ್ಥವಾಗದೆ ಉಳಿದಿರುವ ಅತ್ಯಂತ ಗಂಭೀರ ಪ್ರಶ್ನೆ ಒಂದು ಮರದ ಸ್ಟೂಲಿಗೆ ಸಂಬಂಧಿಸಿದ್ದು. ಎತ್ತರ ಒಂದೂವರೆ ಅಡಿ. ಕಾಲು ನಾಲ್ಕು, ಅದರಲ್ಲಿ ಮೂರು ಸಮ. ನಾಲ್ಕನೆಯದರ ಕೆಳಗೆ ಮಡಚಿದ ರಟ್ಟು. ನಲವತ್ತೊಂದು ವರ್ಷಗಳಿಂದ ಅದು ಸಭಾಂಗಣದ ವೇದಿಕೆಯ ಎಡಬದಿಯಲ್ಲಿ, ಪಕ್ಕದ ಪರದೆಯ ಮರೆಯಲ್ಲಿದೆ. ಇನ್ನು ಮುಂದೆಯೂ ಅಲ್ಲಿರಬೇಕೇ ಬೇಡವೇ ಎಂಬ ಬಗ್ಗೆ ಈಗಾಗಲೇ ಎರಡು ಸಭೆ ನಡೆದಿವೆ, ಮೂರು ಪತ್ರ ಓಡಾಡಿವೆ, ಒಬ್ಬ ಅಧಿಕಾರಿ ಟೇಪು ಹಿಡಿದು ಬಂದು ಪರದೆಯ ಹಿಂದಿನ ಓಣಿಯ ಅಗಲ ಅಳೆದು ಹೋಗಿದ್ದಾರೆ. ಸ್ಟೂಲಿನ ಮೇಲೆ ಕೂರುವವಳ ಅಗಲ ಅಳೆಯುವ ಧೈರ್ಯ ಅವರಿಗೂ ಬರಲಿಲ್ಲ.

ಕೂರುವವಳನ್ನು ನೋಡಬೇಕೆಂದರೆ ಬೆಳಗಿನ ಐದಕ್ಕೆ ಎದ್ದು ಹೋಗಬೇಕು. ಆಸ್ಪತ್ರೆಯ ಹಿಂಬಾಗಿಲಿನ ಎದುರಿಗೆ ಹತ್ತಡಿಗೆ ಎಂಟಡಿಯ ಇಸ್ತ್ರಿ ಅಂಗಡಿ. ಹೊರಗೆ ಇನ್ನೂ ಬೀದಿದೀಪ ಉರಿಯುತ್ತಿದೆ. ಅರವತ್ಮೂರರ ಹೆಂಗಸು ಆರು ಕಿಲೋ ತೂಕದ ಇಸ್ತ್ರಿಪೆಟ್ಟಿಗೆಯನ್ನು ಒಂದೇ ಕೈಯಲ್ಲಿ ಹಿಂದಕ್ಕೂ ಮುಂದಕ್ಕೂ ತೂಗುತ್ತಿದ್ದಾಳೆ. ಒಳಗಿನ ಇದ್ದಿಲು ಗಾಳಿ ಕುಡಿದು ಕೆಂಪಾಗಬೇಕು. ಅಂಗಡಿಯೊಳಗೆ, ಬಟ್ಟೆಯ ಗಂಟುಗಳ ನಡುವೆ ಎಲ್ಲಿ ಜಾಗ ಸಿಕ್ಕಿತೋ ಅಲ್ಲಿ, ಆರು ಜನ ಕೂತು ಆಕಳಿಸುತ್ತಿದ್ದಾರೆ. ಒಬ್ಬ ಮಾತ್ರ ಬೋರಲು ಹಾಕಿದ ಬಕೆಟ್ಟಿನ ಮೇಲೆ ನೆಟ್ಟಗೆ ಕೂತಿದ್ದಾನೆ. ಕೊರಳಲ್ಲಿ ಅಳತೆಯ ಟೇಪು. ಆತ ದರ್ಜಿ. ಐದೂವರೆಯಿಂದ ಏಳರವರೆಗೆ ಬಾದಶಾಹ.

ಆಕೆ ಒಳಬಂದು ಮೊದಲನೆಯ ಆಸ್ಪತ್ರೆ ಕೋಟಿನ ಮೇಲೆ ಪೆಟ್ಟಿಗೆ ಇಡುತ್ತಾಳೆ. ಪೆಟ್ಟಿಗೆ ಮುಂದೆ ಸರಿಯುತ್ತದೆ. ಅದರ ಜೊತೆಗೆ ಆಕೆಯ ತುಟಿಯೂ.

"ಮೇರಾ ಡಾವಾ ಜೂತಾ ಕಾಂ ಹೈ ರೇ?"

ನನ್ನ ಎಡಗಾಲಿನ ಜೋಡು ಎಲ್ಲೋ ಎಂದು ಅರ್ಥ. ಉಸಿರಿಗಿಂತ ಒಂದು ಎಳೆ ದಪ್ಪ ಇರುವ ದನಿ. ಮರುಕ್ಷಣವೇ ದರ್ಜಿ ಅದೇ ಮಾತನ್ನು ಅಂಗಡಿಯ ತಗಡು ನಡುಗುವಂತೆ ಗರ್ಜಿಸುತ್ತಾನೆ. ಪೆಟ್ಟಿಗೆ ಹಿಂದೆ ಬರುತ್ತದೆ, ಮಂತ್ರಿಯ ಮಾತು. ಮಂತ್ರಿ ಎಂದರೆ ಪಂಕ್ಚರ್ ಹಾಕುವವನು. ಪೆಟ್ಟಿಗೆ ಮೇಲೆದ್ದರೆ ಎಲ್ಲರೂ ಸುಮ್ಮನಿರಬೇಕು: ಅಲ್ಲಿ ಪ್ರೇಕ್ಷಕರು ನಗುತ್ತಾರೆ.

ಆಕೆಯ ಹೆಸರು ಮನೆಯವರಿಗೇ ಮರೆತಿದೆ ಎಂಬಷ್ಟು ಆಳವಾಗಿ ಅಡ್ಡಹೆಸರು ಅಂಟಿಕೊಂಡಿದೆ: ಫುಸ್‌ಫುಸ್ ಆಪಾ. ಪಿಸುಮಾತಿನ ಅಕ್ಕ. ಈ ಸೀಮೆಯ ಮುಸಲ್ಮಾನರ ಮನೆಮಾತಾದ ದಖ್ಖನಿಯಲ್ಲಿ ನಾಟಕ ಆಡುವ ಈ ತಂಡದ ಪ್ರಾಂಪ್ಟರ್. ಬೇರೆ ತಂಡಗಳಲ್ಲಿ ನಟ ಮಾತು ಮರೆತಾಗ ಪರದೆಯ ಹಿಂದಿನಿಂದ ಎತ್ತಿಕೊಡುವವರು ಪ್ರಾಂಪ್ಟರು. ಇಲ್ಲಿ ಯಾರೂ ಮಾತು ಮರೆಯುವುದಿಲ್ಲ, ಏಕೆಂದರೆ ಯಾರೂ ಕಲಿತೇ ಇಲ್ಲ. ಎರಡು ಗಂಟೆಯ ನಾಟಕದ ಪ್ರತಿ ಮಾತನ್ನೂ ಆಪಾ ಒಂದು ಉಸಿರು ಮುಂಚೆ ಹೇಳುತ್ತಾಳೆ. ನಟರು ಒಂದು ಉಸಿರು ತಡವಾಗಿ ಅದನ್ನು ಆಡುತ್ತಾರೆ.

ಹೀಗೇಕೆ ಎಂದರೆ ಬಾದಶಾಹನೇ ಉತ್ತರಿಸುತ್ತಾನೆ. "ಬಾಯಿಪಾಠ ಮಾಡೋಕೆ ಬರೆದಿದ್ದು ಎಲ್ಲಿದೆ ಸಾರ್? ಬರೆದ್ರೂ ಓದೋರು ಯಾರು? ನಂಗೆ ಎಡದಿಂದ ಬಲಕ್ಕೆ ಕನ್ನಡ ಓದೋಕೆ ಬರುತ್ತೆ, ಬೇಗಂ ಪಾರ್ಟಿನವಳಿಗೆ ಬಲದಿಂದ ಎಡಕ್ಕೆ ಉರ್ದು. ಮಂತ್ರಿಗೆ ಯಾವ ಕಡೆಯಿಂದಾನೂ ಬರಲ್ಲ."

"ಟಯರ್ ನಂಬರ್ ಓದ್ತೀನಿ," ಎನ್ನುತ್ತಾನೆ ಮಂತ್ರಿ, ನೊಂದು.

ಹದಿನಾಲ್ಕು ನಾಟಕಗಳಿವೆ. ಅಷ್ಟೂ ಆಪಾಳ ತಲೆಯಲ್ಲಿವೆ, ಬೇರೆಲ್ಲೂ ಇಲ್ಲ. ಕಟ್ಟಿದವರು ಆಕೆಯ ಸೋದರಮಾವ. ಹತ್ತಿ ಹಿಂಜಿ ಹಾಸಿಗೆ ಹೊಲಿಯುತ್ತಿದ್ದ ಮನುಷ್ಯ. ಹಿಂಜುವ ಬಿಲ್ಲಿನ ತಂತಿ ಟಂಯ್ ಎಂದಾಗ ಒಂದು ಮಾತು, ಮತ್ತೆ ಟಂಯ್ ಎಂದಾಗ ಅದಕ್ಕೆ ಉತ್ತರ. ಹೀಗೆ ಕಟ್ಟುತ್ತ ಹೋದರು. ಹನ್ನೊಂದರ ಸೋದರಸೊಸೆ ಎದುರಿಗೆ ಕೂತು ಹತ್ತಿಯಿಂದ ಬೀಜ ಆರಿಸುತ್ತಿದ್ದಳು. ಬೀಜದ ಜೊತೆಗೆ ನಾಟಕವನ್ನೂ ಆರಿಸಿಕೊಂಡಳು. ಬಿಲ್ಲಿನ ತಾಳ ಹೋಗಿ ಇಸ್ತ್ರಿಪೆಟ್ಟಿಗೆಯ ತಾಳ ಬಂದದ್ದು ಮದುವೆಯಾದ ಮೇಲೆ.

ಯಾವಾಗ ಶುರು ಮಾಡಿದಿರಿ ಎಂದು ಕೇಳಿದರೆ, "ಪರ್ಸೋಂ" ಎನ್ನುತ್ತಾಳೆ. ದಖ್ಖನಿಯಲ್ಲಿ ಪರ್ಸೋಂ ಎಂದರೆ ಮೊನ್ನೆ. ಆ ಮೊನ್ನೆಯೊಳಗೆ ಕಳೆದ ವಾರವೂ ಬರುತ್ತದೆ, ಆಕೆಯ ಮದುವೆಯೂ ಬರುತ್ತದೆ, ಒತ್ತಾಯ ಮಾಡಿದರೆ ಮಾವನ ಮದುವೆಯೂ ಬರುತ್ತದೆ. ಲೆಕ್ಕ ಹಾಕಿ ನೋಡಿದರೆ ನಲವತ್ತೊಂದು ವರ್ಷ. ಅಲ್ಲಿಯವರೆಗೆ ನಟರಿಗೆ ಮಾತು ಕೊಡುತ್ತಿದ್ದ ಮಾವನ ಎದೆ ಹತ್ತಿಯ ಧೂಳು ತುಂಬಿ ಕೈಕೊಟ್ಟಾಗ ಸೊಸೆಗೆ ಇಪ್ಪತ್ತೆರಡು.

"ನಂಗೆ ಬೇಗಂ ಪಾರ್ಟು ಬೇಕಿತ್ತು," ಎನ್ನುತ್ತಾಳೆ ಕಾಲರಿನ ಮೂಲೆ ಒತ್ತುತ್ತ. "ಮಾಮೂಗೆ ಇಷ್ಟ ಇತ್ತು. ಮನೆ ಹಿರಿಯರು ಕೂತ್ಕೊಂಡು ಮಾತಾಡಿದ್ರು. ಹೆಂಗಸು ಜನರಿಗೆ ಕಾಣಬಾರದು, ಪರದೆ ಹಿಂದೆ ಕೂತ್ಕೊಳ್ಳಲಿ ಅಂದ್ರು. ಮೀಸೆ ಬೋಳಿಸಿಕೊಂಡು ಒಬ್ಬ ಗಾಡಿ ಹೊಡೆಯೋನು ಬೇಗಂ ಆದ. ಹನ್ನೆರಡು ವರ್ಷ ಅವನ ಬಾಯಿಗೆ ನನ್ನ ಮಾತು ಇಟ್ಟೆ. ಒಂದು ಸಲಾನೂ ಸರಿಯಾಗಿ ನಾಚ್ಕೊಳ್ಳಲಿಲ್ಲ ಕತ್ತೆ."

ಆಮೇಲೆ ಕಾಲ ಬದಲಾಯಿತು, ಹೆಂಗಸರು ವೇದಿಕೆಗೆ ಬಂದರು. ಆದರೆ ಅಷ್ಟರಲ್ಲಿ ಆಪಾ ಸ್ಟೂಲು ಬಿಟ್ಟರೆ ನಾಟಕವೇ ಇಲ್ಲ ಎಂಬಂತಾಗಿತ್ತು. ಬೇಗಂ ಪಾತ್ರ ಆಸ್ಪತ್ರೆಯ ಆಯಾ ಒಬ್ಬಳಿಗೆ ಹೋಯಿತು.

ಮೂಲೆಯಲ್ಲಿ ಕೂತು ಒಣಗಿದ ಸಮವಸ್ತ್ರಗಳಿಗೆ ನೀರು ಚಿಮುಕಿಸುತ್ತಿರುವವರು ಆಕೆಯ ಗಂಡ. ಬಲಗಿವಿ ಪೂರ್ತಿ ಮಂದ, ಎಡಗಿವಿ ಮನಸ್ಸು ಬಂದಂತೆ. "ಊರಿಗೆಲ್ಲ ಪಿಸುಪಿಸು ಅಂತಾಳೆ," ಎನ್ನುತ್ತಾರೆ, "ನಂಗೆ ಮಾತ್ರ ಕೂಗ್ತಾಳೆ."

"ಏ ಮುದುಕಾ, ನೀರು ಜಾಸ್ತಿ ಆಯ್ತು!"

"ನೋಡಿ."

ದಿನಕ್ಕೆ ನೂರ ನಲವತ್ತು ಬಟ್ಟೆ. ತೊಂಬತ್ತು ಆಸ್ಪತ್ರೆಯವು, ಉಳಿದವು ಶಾಲೆಯ ಸಮವಸ್ತ್ರ, ನಾಲ್ಕಾರು ಸೂಟು. ವರ್ಷಕ್ಕೆ ಆರು ಭಾನುವಾರ ಮಧ್ಯಾಹ್ನ ನಾಟಕ. ಸಭಾಂಗಣದಲ್ಲಿ ಮುನ್ನೂರ ಹನ್ನೆರಡು ಕುರ್ಚಿ, ಅವುಗಳಲ್ಲಿ ಕೂರಲು ಬರುವಂಥವು ಇನ್ನೂರ ತೊಂಬತ್ತು. ಎಡಗಡೆಯ ಮೊದಲ ಮೂರು ಸಾಲು ಬೇಗ ತುಂಬುತ್ತವೆ, ಅಲ್ಲಿ ಆಪಾಳ ದನಿ ಕೇಳಿಸುತ್ತದೆ. ಆ ಸಾಲಿನವರು ಬೇರೆಲ್ಲರಿಗಿಂತ ಒಂದು ಉಸಿರು ಮುಂಚೆ ನಗುತ್ತಾರೆ. ಅದೊಂದು ದೊಡ್ಡಸ್ತಿಕೆ.

ಇಷ್ಟೊಂದು ವಿಧೇಯರಾದ ನಟರಿಂದ ಆಗಬಹುದಾದ ಅನಾಹುತ ಒಂದೇ, ಅದು ಹತ್ತೊಂಬತ್ತು ವರ್ಷದ ಹಿಂದೆ ಆಯಿತು. ಜೋಡು ಕಳೆದ ಬಾದಶಾಹನದೇ ನಾಟಕ, ಶತ್ರುವಿನ ಸೇನಾಪತಿ ಕತ್ತಿ ಹಿರಿದು ನಿಂತಿದ್ದಾನೆ. ಆ ಹೊತ್ತಿಗೆ ಯಾರೋ ಪರದೆಯ ಹಿಂದೆ ಬಂದು ಆಪಾಗೆ ಚಹಾ ಚಾಚಿದರು. ಆಕೆ ತಲೆ ಎತ್ತದೆ, "ಚಾ ಬಾದ್ ಮೇ, ಅಭೀ ನಕ್ಕೋ" ಎಂದಳು. ಚಹಾ ಆಮೇಲೆ, ಈಗ ಬೇಡ. ಬಾದಶಾಹ ಎದೆ ಉಬ್ಬಿಸಿ, ಸೇನಾಪತಿಯ ಕಣ್ಣಲ್ಲಿ ಕಣ್ಣಿಟ್ಟು ಅದನ್ನೇ ಗುಡುಗಿದ. ಸೇನಾಪತಿ ಕತ್ತಿ ಕೆಳಗಿಳಿಸಿದ. ಸಭಾಂಗಣ ನಾಲ್ಕು ನಿಮಿಷ ನಕ್ಕಿತು. ಆ ಮಾತು ಅಂದಿನಿಂದ ನಾಟಕದಲ್ಲಿ ಉಳಿದಿದೆ. ಬಾದಶಾಹ ಅದನ್ನು ಆಡುವ ಮುಂಚೆಯೇ ಈಗ ಬಾಲ್ಕನಿ ಆಡುತ್ತದೆ.

ಸ್ಟೂಲಿನ ವಿಚಾರಕ್ಕೆ ಬರೋಣ. ಸಭಾಂಗಣಕ್ಕೆ ಈ ವರ್ಷ ಹೊಸ ಮ್ಯಾನೇಜರು ಬಂದಿದ್ದಾರೆ. ಒಳ್ಳೆಯವರು, ಕೈಗೆ ಸಿಕ್ಕಿದ್ದನ್ನೆಲ್ಲ ನೇರ ಸಾಲಲ್ಲಿ ಜೋಡಿಸುವವರು. ಬಂದ ತಿಂಗಳಲ್ಲೇ ಒಂದು ಪ್ರಕಟಣೆ ಅಂಟಿಸಿದರು: ಸುರಕ್ಷತೆಯ ದೃಷ್ಟಿಯಿಂದ ಪಾತ್ರಧಾರಿಗಳ ಹೊರತು ಯಾರೂ ಪ್ರದರ್ಶನದ ವೇಳೆ ವೇದಿಕೆಯ ಪಕ್ಕದ ಓಣಿಯಲ್ಲಿ ಇರಕೂಡದು, ಪೀಠೋಪಕರಣ ಇಡಕೂಡದು. ದಿನಾಂಕ ಬೇಕಾದವರು ತಿಂಗಳ ಕೊನೆಯ ಶುಕ್ರವಾರದೊಳಗೆ ಹೊಸ ಅರ್ಜಿ ತುಂಬಿ ಕೊಡಬೇಕು. ಇಲ್ಲವಾದರೆ ಆರು ಭಾನುವಾರಗಳೂ ಒಂದು ಜಾದೂ ತಂಡಕ್ಕೆ.

ಊರಿನಲ್ಲಿ ಇರುವುದು ಒಂದೇ ಸಭಾಂಗಣ. ಹಿಂದೆ ನಾಟಕ ಆಡುತ್ತಿದ್ದ ಬಯಲುಗಳಲ್ಲಿ ಈಗ ವಾಹನ ನಿಲ್ಲುತ್ತವೆ. ಆರು ಭಾನುವಾರ ಹೋದರೆ ಆರು ಜನ ಬೆಳಗಿನ ಐದಕ್ಕೆ ಏಳುವುದು ನಿಲ್ಲುತ್ತದೆ. ಆಡುವವರಿಲ್ಲದ ಮೇಲೆ ಹದಿನಾಲ್ಕು ನಾಟಕ ಒಬ್ಬ ಮುದುಕಿಯ ತಲೆಯಲ್ಲಿ ಎಷ್ಟು ದಿನ?

ಮ್ಯಾನೇಜರು ತಮ್ಮ ಸೂಟುಗಳನ್ನು ಇಸ್ತ್ರಿಗೆ ಕೊಡುವುದು ಇದೇ ಅಂಗಡಿಗೆ. ಮಾತುಕತೆ ಹಾಗಾಗಿ ಅಲ್ಲೇ ನಡೆಯಿತು.

"ಅಮ್ಮಾ, ನಿಮ್ಮ ಮೇಲೆ ನಂಗೇನೂ ಕೋಪ ಇಲ್ಲ. ನಾಟಕ ಬರೆಸಿಬಿಡಿ. ಅವರು ಬಾಯಿಪಾಠ ಮಾಡ್ಲಿ. ಬರೆಸೋದು ಹೇಗೂ ಬರೆಸ್ತೀರಿ, ಚೆನ್ನಾಗಿರೋ ಉರ್ದುನಲ್ಲಿ ಬರೆಸಿ. ನಾಲ್ಕು ದೊಡ್ಡ ಜನ ಬಂದು ನೋಡ್ತಾರೆ."

"ಇಷ್ಟು ದಿನ ನೋಡಿದೋರು ಎಷ್ಟು ಉದ್ದ ಇದ್ರು ಸಾಹೇಬ್ರೇ?"

"ಹಾಗಲ್ಲಮ್ಮಾ. ಇದು ಮನೇಲಿ ಆಡೋ ಭಾಷೆ."

"ಹೌದು. ಬಾದಶಾಹನೂ ಮನೇಲೇ ಇರ್ತಾನೆ. ಜೋಡು ಕಳ್ಕೊಂಡಿರೋದು ಮನೇಲಿ."

ಸೂಟು ಮುಂದಿನ ವಾರದ ಗುರುವಾರ ಸಿಗುತ್ತದೆ ಎಂದು ಹೇಳಿ ಕಳಿಸಿದಳು.

ಬರೆಯುವ ಕೆಲಸಕ್ಕೆ ಸಿದ್ಧಳಾದವಳು ಮಗಳು. ಶಾಲೆಯಲ್ಲಿ ಉರ್ದು ಟೀಚರು. ಮಕ್ಕಳು ಬೇಡ ಎನ್ನಲು "ನಕ್ಕೋ" ಎಂದರೆ ನಿಲ್ಲಿಸಿ ಸರಿಯಾಗಿ ಹೇಳಿಸುವುದು ಆಕೆಯ ಉದ್ಯೋಗ. "ಬೆಳಿಗ್ಗೆ ನಾನು ಬಾಯಿಗೆ ಮಾತು ಇಡ್ತೀನಿ, ಹತ್ತು ಗಂಟೆಗೆ ಇವಳು ಬಾಯಿಂದ ತೆಗೀತಾಳೆ," ಎಂಬುದು ತಾಯಿಯ ಹಳೆಯ ದೂರು. ಆದರೂ ಮಗಳಿಗೆ ನಾಟಕ ಉಳಿಯಬೇಕೆಂಬ ಆಸೆ ನಿಜದ್ದು. ಎಂಟು ಸಂಜೆ ಕೂತು, ತಾಯಿ ಹೇಳಿದ್ದನ್ನು ಮುದ್ದಾದ ಅಕ್ಷರದಲ್ಲಿ ಐವತ್ತೆರಡು ಪುಟ ಬರೆದಳು. ಉರ್ದು ಓದಲು ಬರದವರಿಗೆ ತಾನೇ ಓದಿ ಬಾಯಿಪಾಠ ಮಾಡಿಸಿದಳು.

ಹಾಳೆಯಲ್ಲಿದ್ದಂತೆ ಆಡಿದ ಮೊದಲ ತಾಲೀಮು ಎಲ್ಲರಿಗೂ ನೆನಪಿದೆ. ಬಾದಶಾಹ ಬಕೆಟ್ಟಿನ ಮೇಲೆ ಕೂತು ಮೊದಲ ಸಾಲು ಆಡಿದ. ದಯವಿಟ್ಟು ನಮ್ಮ ಪಾದರಕ್ಷೆ ಎಲ್ಲಿದೆ ಎಂದು ತಿಳಿಸುವ ಕೃಪೆ ಮಾಡುವಿರಾ ಎಂಬ ಧಾಟಿ. ಜೋಡು ಕದ್ದವನಿಗೂ ಆತ ಬಹುವಚನ ಕೊಟ್ಟ. ಬೇಗಂ ಗಂಡನನ್ನು ಬೈಯುವ ಜಾಗದಲ್ಲಿ ಅಭಿನಂದಿಸಿದಂತಿತ್ತು. ಯಾವ ಮಾತೂ ತಪ್ಪಿರಲಿಲ್ಲ. ಮಂತ್ರಿ ಅರ್ಧಕ್ಕೇ ಎದ್ದು, ಅಂಗಡಿ ತೆಗೆಯುವ ಹೊತ್ತಾಯಿತು ಎಂದು ಹೊರಟ.

ಇಸ್ತ್ರಿಪೆಟ್ಟಿಗೆ ಅಷ್ಟೂ ಹೊತ್ತು ಕಬ್ಬಿಣದ ಸ್ಟ್ಯಾಂಡಿನ ಮೇಲೆ ಸುಮ್ಮನೆ ಕೂತಿತ್ತು.

"ಯಾರ ಮನೆ ಬಾದಶಾಹ ಇವನು?" ಎಂದಳು ಆಪಾ.

"ಅಮ್ಮೀ, ನೀನು ಹೇಳಿದ್ದನ್ನೇ ಬರೆದೆ. ಒಂಚೂರು ತಿದ್ದಿದೀನಿ ಅಷ್ಟೆ."

"ತೊಳೆದುಬಿಟ್ಟಿದೀಯ ಮಗಳೇ. ಕಲೆ ಹೋಯ್ತು, ಬಣ್ಣಾನೂ ಹೋಯ್ತು. ನಾನು ಸುಕ್ಕು ತೆಗೆಯೋಳು, ನಂಗೆ ಗೊತ್ತು ಯಾವುದು ಸುಕ್ಕು, ಯಾವುದು ನೆರಿಗೆ."

ಮಗಳು ಹಾಳೆಗಳನ್ನು ಎತ್ತಿಟ್ಟು ಶಾಲೆಗೆ ಹೊರಟಳು. ಆ ದಿನ ಅಲ್ಲಿ ಏನಾಯಿತೆಂದು ಆಕೆಯೇ ಹೇಳುತ್ತಾಳೆ. "ಮೂರನೇ ಕ್ಲಾಸಿನ ಹುಡುಗಿ ಒಂದು ಕತೆ ಹೇಳ್ತಾ ಇದ್ಲು. ಚೆನ್ನಾಗಿ ಹೇಳ್ತಿದ್ಲು, ಕೈಬಾಯಿ ತಿರುಗಿಸಿ. ನಾನು ಮಧ್ಯೆ ಒಂದು ಮಾತು ತಿದ್ದಿದೆ. ಅವಳು ಸರಿಯಾಗಿ ಹೇಳಿದ್ಲು. ಆಮೇಲೆ ಕೂತ್ಬಿಟ್ಲು. ಕತೆ ಮುಗಿದಿರಲಿಲ್ಲ. ನಂಗೆ ಬಾದಶಾಹ ನೆನಪಾದ."

ಸಂಜೆ ಬಂದವಳು ಮ್ಯಾನೇಜರ ಸೂಟನ್ನು ತಾನೇ ಮಡಚಿ ಕಟ್ಟಿದಳು. ಹಳೆಯ ಪೇಪರು ಕೈಗೆ ಸಿಗುವಂತೆಯೇ ಇತ್ತು. ಆಕೆ ಬಳಸಿದ್ದು ತಾನೇ ಬರೆದ ಮೊದಲ ಅಂಕದ ಆರು ಹಾಳೆಗಳನ್ನು.

ಅದೇ ಸಂಜೆ ತಾಯಿ, "ಆ ಪ್ರಕಟಣೆ ಇನ್ನೊಂದು ಸಲ ಓದು," ಎಂದಳು. ಮಗಳು ಓದಿದಳು. ಆಪಾ ಹೊಸ ನಾಟಕ ಕೇಳುವವಳಂತೆ ಕಣ್ಣು ಮುಚ್ಚಿ ಕೇಳಿದಳು. ಬಾಯಲ್ಲೇ ಒಂದು ಸಲ ಹೇಳಿಕೊಂಡಳು.

"ಯಾರು ಬಿಟ್ಟು ಯಾರೂ ಇರಬಾರದು ಅಂತೆ?"

"ಪಾತ್ರಧಾರಿಗಳ ಹೊರತು."

"ಓಣಿನಲ್ಲಿ ತಾನೆ ಸ್ಟೂಲು ಇಡಬಾರದು? ವೇದಿಕೆ ಮೇಲೆ?"

"ವೇದಿಕೆ ಮೇಲೆ ಸಾಮಾನು ಇಡಬಹುದು ಅಮ್ಮೀ. ನಾಟಕದ ಸಾಮಾನು."

"ಹಾಗಾದ್ರೆ ಅರ್ಜಿಲಿರೋ ಪಾತ್ರಧಾರಿಗಳ ಪಟ್ಟಿಗೆ ನನ್ನ ಹೆಸರೂ ಬರಿ. ಬಾದಶಾಹನ ಮನೆ ಬಟ್ಟೆಗೆ ಇಸ್ತ್ರಿ ಹಾಕೋಳು. ಮೊದಲಿಂದ ಕೊನೆವರೆಗೂ ವೇದಿಕೆ ಮೇಲೇ ಇರ್ತಾಳೆ. ಬಟ್ಟೆ ಜಾಸ್ತಿ ಇದೆ ಅವನ ಮನೇಲಿ."

ಗಂಡನ ಎಡಗಿವಿಗೆ ಆಗ ಮನಸ್ಸು ಬಂತು. "ಎಲ್ಲರ ಎದುರಿಗಾ?"

"ಹೌದು. ಕಾಣ್ಲಿ."

ಅರ್ಜಿಯಲ್ಲಿ ಭಾಷೆ ಎಂಬ ಒಂದು ಅಂಕಣವಿದೆ. ಕೆಳಗೆ ಏಳು ಭಾಷೆಗಳ ಹೆಸರು, ಬೇಕಾದ್ದಕ್ಕೆ ಗುರುತು ಹಾಕಬೇಕು. ದಖ್ಖನಿ ಅದರಲ್ಲಿಲ್ಲ. ಟೀಚರು ಏಳನ್ನೂ ಬಿಟ್ಟು ಅಂಚಿನಲ್ಲಿ ದಖ್ಖನಿ ಎಂದು ದೊಡ್ಡದಾಗಿ ಬರೆದು, ಅದಕ್ಕೊಂದು ಚೌಕ ಎಳೆದು, ಚೌಕದಲ್ಲಿ ಗುರುತು ಹಾಕಿದಳು. ಶುಕ್ರವಾರ ತಾನೇ ಕೊಂಡುಹೋಗಿ ಕೊಟ್ಟಳು.

"ಇದು ಪಟ್ಟಿಯಲ್ಲಿಲ್ಲವಲ್ಲ ಮೇಡಂ," ಎಂದರು ಮ್ಯಾನೇಜರು.

"ಈಗ ಇದೆ."

"ಉರ್ದು ಅಂತ ಗುರುತು ಹಾಕಿದ್ರೆ ಮುಗೀತಿತ್ತು."

"ಉರ್ದು ನಾನು ದಿನಾ ಕಲಿಸ್ತೀನಿ ಸಾರ್. ಇದು ಅದಲ್ಲ. ಬೇಕಾದ್ರೆ ಸಹಿ ಹಾಕಿ ಬರೆದು ಕೊಡ್ತೀನಿ."

ಮ್ಯಾನೇಜರು ಪಾತ್ರಧಾರಿಗಳ ಪಟ್ಟಿ ಓದಿದರು. ಏಳನೆಯ ಹೆಸರಿನ ಮುಂದೆ ಬರೆದ ಪಾತ್ರವನ್ನು ಎರಡು ಸಲ ಓದಿದರು. ತಮ್ಮದೇ ಪ್ರಕಟಣೆ ತರಿಸಿ ಅದನ್ನೂ ಓದಿದರು. ನಿಯಮ ಮೀರಿದ್ದು ಎಲ್ಲೂ ಸಿಗಲಿಲ್ಲ. ನೇರ ಸಾಲಿನ ಮನುಷ್ಯ, ಸಹಿ ಹಾಕಿದರು. ಕೆಂಡ ಮಾತ್ರ ಒಳಗೆ ತರಕೂಡದು ಎಂದರು.

ಭಾನುವಾರ ಮಧ್ಯಾಹ್ನ ಮೂರಕ್ಕೆ ತೆರೆ ಏಳುತ್ತದೆ. ದರ್ಬಾರು. ಸಿಂಹಾಸನ ಬಲಕ್ಕೆ, ಮಂತ್ರಿಯ ಆಸನ ಹಿಂದಕ್ಕೆ. ನಡುವೆ ಒಂದು ತಗ್ಗಿನ ಮೇಜು, ಬಟ್ಟೆಯ ಗುಡ್ಡೆ, ತಣ್ಣಗಿನ ಇಸ್ತ್ರಿಪೆಟ್ಟಿಗೆ, ಸ್ಟೂಲು, ಸ್ಟೂಲಿನ ಮೇಲೆ ಆಪಾ. ಎಡಗಡೆಯ ಮೂರು ಸಾಲಿನವರು ನಲವತ್ತೊಂದು ವರ್ಷ ಕೇಳಿದ ದನಿಗೆ ಮೊದಲ ಸಲ ಮುಖ ನೋಡುತ್ತಿದ್ದಾರೆ. ಯಾರೂ ಚಪ್ಪಾಳೆ ತಟ್ಟುವುದಿಲ್ಲ. ತಟ್ಟಬೇಕೋ ಬೇಡವೋ ಗೊತ್ತಿಲ್ಲ.

ಪೆಟ್ಟಿಗೆ ಮುಂದೆ ಸರಿಯುತ್ತದೆ. "ಮೇರಾ ಡಾವಾ ಜೂತಾ ಕಾಂ ಹೈ ರೇ?"

ಬಾದಶಾಹ ಆಡುವುದಿಲ್ಲ. ತಾಲೀಮಿನಲ್ಲಿ ಆಕೆ ಗೋಡೆಗೆ ಮುಖ ಮಾಡಿ ಬಟ್ಟೆ ಒತ್ತುತ್ತಿದ್ದವಳು. ವೇದಿಕೆಯಲ್ಲಿ ಪರದೆಯ ಹಿಂದಿದ್ದವಳು. ಈಗ ಎದುರಿಗೆ ಬೆಳಕಿನಲ್ಲಿ ಕೂತು ಹುಬ್ಬು ಕುಣಿಸಿ, ಮೂಗು ಅರಳಿಸಿ, ಜೋಡು ಕಳೆದುಕೊಂಡ ದೊರೆಯ ಅಷ್ಟೂ ಸಿಟ್ಟನ್ನು ಪಿಸುದನಿಯಲ್ಲೇ ತೋರಿಸುತ್ತಿದ್ದಾಳೆ. ದರ್ಜಿ ತನ್ನ ಪಾತ್ರವನ್ನು ಮೊದಲ ಸಲ ನೋಡುತ್ತಿದ್ದಾನೆ. ಬಾಯಿ ತೆರೆದುಕೊಂಡು ನೋಡುತ್ತಿದ್ದಾನೆ. ಆಕೆ ಇನ್ನೊಮ್ಮೆ ಹೇಳುತ್ತಾಳೆ. ಆತ ಇನ್ನೊಮ್ಮೆ ನೋಡುತ್ತಾನೆ. ಮುಂದಿನ ಸಾಲಿನಲ್ಲಿ ಮ್ಯಾನೇಜರು ಗಡಿಯಾರ ನೋಡಿಕೊಳ್ಳುತ್ತಾರೆ. ಅವರ ಸೂಟಿನ ಗೆರೆ ಚೆನ್ನಾಗಿ ಕೂತಿದೆ. ಪಕ್ಕದಲ್ಲಿ ಮಗಳು ಸೆರಗಿನ ತುದಿ ಕಚ್ಚಿ ಕೂತಿದ್ದಾಳೆ.

ಆಪಾ ಪೆಟ್ಟಿಗೆಯನ್ನು ಮೇಜಿನ ಮೇಲೆ ಕುಕ್ಕುತ್ತಾಳೆ. ಪಿಸುದನಿಯಲ್ಲ, ಗಂಡನಿಗೆ ಮೀಸಲಾದ ದನಿ ಹೊರಗೆ ಬರುತ್ತದೆ.

"ಬೋಲ್ ರೇ! ಸಬ್ ಮೈಂ ಅಕೇಲೀಚ್ ಬೋಲೂಂ ಕ್ಯಾ?"

ಮಾತಾಡೋ, ಎಲ್ಲವನ್ನೂ ನಾನೊಬ್ಬಳೇ ಹೇಳಬೇಕಾ.

ವಿಧೇಯ ಬಾದಶಾಹ ಎಚ್ಚೆತ್ತು, ಮಂತ್ರಿಯತ್ತ ತಿರುಗಿ, ಎದೆ ಉಬ್ಬಿಸಿ ಅದೇ ಮಾತನ್ನು ಗುಡುಗುತ್ತಾನೆ: ಮಾತಾಡೋ, ಎಲ್ಲವನ್ನೂ ನಾನೊಬ್ಬಳೇ ಹೇಳಬೇಕಾ. ಮಂತ್ರಿ ಬೆದರಿ ಅದನ್ನೇ ಕಾವಲುಗಾರನಿಗೆ ಹೇಳುತ್ತಾನೆ. ಕಾವಲುಗಾರನಿಗೆ ಕೆಳಗಿನವರು ಯಾರೂ ಇಲ್ಲ. ಆತ ಪ್ರೇಕ್ಷಕರಿಗೆ ಹೇಳುತ್ತಾನೆ.

ಬಾಲ್ಕನಿ ಮೊದಲು ಬಿದ್ದು ಬಿದ್ದು ನಗುತ್ತದೆ, ಆಮೇಲೆ ನಡುವಿನ ಸಾಲುಗಳು. ಕೂರಲು ಬಾರದ ಇಪ್ಪತ್ತೆರಡು ಕುರ್ಚಿಗಳಲ್ಲೂ ಜನ ಇದ್ದಾರೆಂದು ಆಗ ಗೊತ್ತಾಗುತ್ತದೆ, ಅವು ಕಿರ್ರೆನ್ನುತ್ತವೆ. ಮ್ಯಾನೇಜರು ಕರವಸ್ತ್ರ ತೆಗೆದು ಕಣ್ಣೊರೆಸಿಕೊಳ್ಳುತ್ತಾರೆ. ಅಲ್ಲಿಂದ ಎರಡು ಗಂಟೆ ಎಲ್ಲರೂ ಮಾತನ್ನು ಎರಡೆರಡು ಸಲ ಕೇಳುತ್ತಾರೆ, ಒಮ್ಮೆ ಆಕೆಯ ತುಟಿಯಿಂದ, ಒಮ್ಮೆ ನಟನ ಬಾಯಿಂದ, ಮತ್ತು ಎರಡು ಸಲವೂ ನಗುತ್ತಾರೆ. ಚಹಾದ ಮಾತು ಬಂದಾಗ ಆಪಾ ಬೇಕೆಂದೇ ಬಾಯಿ ಮುಚ್ಚಿ ಕೂರುತ್ತಾಳೆ. ಇಡೀ ಸಭಾಂಗಣ ಅದನ್ನು ಬಾದಶಾಹನಿಗೆ ಎತ್ತಿಕೊಡುತ್ತದೆ.

ಮಾರನೆಯ ದಿನ ಬೆಳಿಗ್ಗೆ ಐದಕ್ಕೆ ಆಕೆ ಎಂದಿನಂತೆ ಪೆಟ್ಟಿಗೆ ತೂಗುತ್ತಿದ್ದಾಳೆ. ಮುಂದಿನ ಭಾನುವಾರಕ್ಕೆ ಎರಡನೆಯ ನಾಟಕ. ಬೇಗಂ ಪಾತ್ರದ ಆಯಾಗೆ ಮಾತು ಕೊಡುತ್ತ, ನಾಚಿಕೆ ಹೇಗೆ ಎಂದು ತಾನೇ ಮಾಡಿ ತೋರಿಸುತ್ತಾಳೆ, ಈ ಸಲ ಗೋಡೆಗೆ ಬೆನ್ನು ಮಾಡಿ ನಿಂತು. ಮಗಳು ಗಂಟಿನ ಮೇಲೆ ಕೂತು ಮತ್ತೆ ಮೊದಲ ಪುಟದಿಂದ ಬರೆಯುತ್ತಿದ್ದಾಳೆ. ಈ ಸಲ ಕಿವಿಗೆ ಬಿದ್ದದ್ದನ್ನು ಬಿದ್ದ ಹಾಗೆ. ನಡುವೆ ಒಮ್ಮೆ ಪೆನ್ನು ತಡೆಯುತ್ತದೆ.

"ಕೈ ಕೆರೀತಾ ಇದೆಯಾ ತಿದ್ದೋಕೆ?"

"ಇಲ್ಲ ಅಮ್ಮೀ. ನೀನು ಮುಂದೆ ಹೇಳು."

ಏನಾದರೂ ಬೇಕಿತ್ತೇ ಎಂದು ಆಪಾಳನ್ನು ಕೇಳಿದರೆ ಪೆಟ್ಟಿಗೆಯನ್ನು ಸ್ಟ್ಯಾಂಡಿನ ಮೇಲಿಡುತ್ತಾಳೆ. "ಸ್ಟೂಲಿನ ಕಾಲಿಗೆ ಏನಾದ್ರೂ ಮಾಡಬೇಕು. ಪರದೆ ಹಿಂದೆ ರಟ್ಟು ನಡೀತಿತ್ತು. ಈಗ ಎಲ್ಲರಿಗೂ ಕಾಣುತ್ತೆ."

ಬುಧವಾರ ಮ್ಯಾನೇಜರು ಬಡಗಿಯನ್ನು ಕರೆಸಿ ಹೊಸ ಕಾಲು ಹಾಕಿಸಿದ್ದಾರೆ. ಸ್ಟೂಲು ವೇದಿಕೆಯ ನಡುವೆ ಇದೆ.